ಗುಡ್ಡದ ನಾಯಕನ ಚಿತ್ರಾಹುತಿ

ನಮ್ಮ ಕಿತ್ತೂರಿನ ಮನೆಯಲ್ಲಿ ಹಚ್ಚಿದ ಅವಲಕ್ಕಿಗೆಂದೇ ಮೀಸಲಾದ ಒಂದು ಚಪ್ಪಟೆ, ದುಂಡನೆಯ ತಗಡಿನ ಡಬ್ಬಿ ಇದೆ. ಅದರಲ್ಲಿ ಮೊದಲು ನನ್ನ ಅಜ್ಜ ಇದ್ದರು. ಗಾಬರಿಯಾಗಬೇಡಿ ಗೆಳೆಯರೆ, ಸಿನಿಮಾ ಸುರುಳಿಯಾಗಿ ಇದ್ದರು.

ಮೂಕಚಿತ್ರಗಳ ಕಾಲದಲ್ಲಿ ಪುಣೆಯ ಕಡೆಯ ಕಂಪನಿಯೊಂದು ಸವದತ್ತಿಯ ಗುಡ್ಡಕ್ಕೆ ಬಂದು, ಅಲ್ಲಿನ ಬೋಳು ಬಂಡೆಗಳನ್ನೇ ಘೋರಾರಣ್ಯವೆಂದು ನಂಬಿಸಿ, ವೇದ ಕಲಿಯುತ್ತಿದ್ದ ಅಜ್ಜನ ಮೈಗೆ ಮಸಿ ಬಳಿದು, ತಲೆಗೆ ನವಿಲುಗರಿ ಸಿಕ್ಕಿಸಿ, ಗುಡ್ಡಗಾಡು ಜನರ ಕ್ರೂರ ನಾಯಕನನ್ನಾಗಿ ಮಾಡಿತಂತೆ. ಆಗಿನ ಸಿನಿಮಾದವರಿಗೆ ಗುಡ್ಡದ ಜನವೆಂದರೆ ಮಸಿ, ಗರಿ, ಕುಣಿತ, ಅಷ್ಟೆ. ನಾನಂತೂ ಇದನ್ನು ಊರಿಗೆಲ್ಲ ಹೇಳಿಕೊಂಡು ಮೆರೆದವನು.

ಸುರುಳಿಯನ್ನು ತಂಗಿ ಪುಣೆಗೆ ಒಯ್ದಳು, ಡಬ್ಬಿ ನಮಗುಳಿಯಿತು. ಹೋದ ತಿಂಗಳು ಆಕೆ ಅಜ್ಜನನ್ನು ಹೇಗೋ ಮೊಬೈಲಿಗೆ ಇಳಿಸಿ ಕಳಿಸಿದಳು. ನಾನು ಹಿಗ್ಗಿನಲ್ಲಿ ನೋಡುತ್ತ ಕುಳಿತಾಗಲೇ, ಘಟ್ಟದಂಚಿನ ಗುಡ್ಡದಿಂದ ಮೂವತ್ತು ವರ್ಷಗಳಿಂದ, ಸರಿಯಾಗಿ ನನ್ನ ಊಟದ ಹೊತ್ತಿಗೆ ಬೆಣ್ಣೆ ತರುವ ಗೌಳಿಗರ ಜನಾಬಾಯಿ ಬಂದಳು.

"ಏನ್ ನೋಡಾಕ ಹತ್ತೀರಿ ಮಾಸ್ತರ್ರ?"

"ನಿಮ್ಮ ಗುಡ್ಡದ ಮಂದಿ," ಎಂದುಬಿಟ್ಟೆ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಆಕೆ ಬಗ್ಗಿ ನೋಡಿದಳು. ಅಜ್ಜ ಹಲ್ಲು ಕಿರಿದು, ಈಟಿ ಝಳಪಿಸಿ ಕುಣಿಯುತ್ತಿದ್ದರು. ನನಗೆ ನಿಜವಾಗಿ ನಾಚಿಕೆಯಾಯಿತು. ಈಕೆ ಇನ್ನು ಬಾರದಿದ್ದರೆ ಹೋಗುವುದು ಬೆಣ್ಣೆಯಷ್ಟೇ ಅಲ್ಲ, ಮೂವತ್ತು ವರ್ಷದ ಹರಟೆ ಕೂಡ.

ಅಷ್ಟರಲ್ಲಿ ನಾಯಕ ಲೂಟಿಯ ಊಟಕ್ಕೆ ಕುಳಿತ. ಜನಿವಾರವನ್ನೇನೋ ಹುಲಿಯುಗುರಿನ ಸರದಡಿ ಅಡಗಿಸಿದ್ದರು. ಕೈಯ ರೂಢಿಯನ್ನು ಅಡಗಿಸುವುದು ಹೇಗೆ? ಎಲೆಯ ಸುತ್ತ ನೀರು ಬಿಟ್ಟು, ಪಕ್ಕದಲ್ಲಿ ನಾಲ್ಕು ಅಗುಳು ಚಿತ್ರಾಹುತಿ ಇಟ್ಟು, ತುಟಿಯಲ್ಲೇ ಮಂತ್ರ ಮುಗಿಸಿದ ಮೇಲೆ ಆ ಕ್ರೂರಿ ತುತ್ತೆತ್ತಿದ.

ಜನಾಬಾಯಿ ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. "ಇಂವ ನಮ್ಮಾಂವಲ್ರಿ, ನಿಮ್ಮಾಂವ. ಹಂಗ ಕುಣದ್ರ ನಮ್ಮ ಎಮ್ಮಿ ಹಾಲ ಕೊಡ್ತಾವೇನು?" ಆಮೇಲೆ ಮೆಲ್ಲಗೆ, "ನಮ್ಮನ್ನ ಒಂದ್ ಮಾತ ಕೇಳಬೇಕಿತ್ತಿಲ್ರಿ? ಇಲ್ಲೇ ಇದ್ವಿ," ಎಂದಳು.

"ಕೇಳಬೇಕಿತ್ತು. ತಪ್ಪಾತು," ಎಂದೆ.

"ಹಂಗಾರ ಈಗ ನನ್ನ ಸಿನಿಮಾ ತಗೀರಿ."

ಸೆರಗನ್ನು ಶಲ್ಯದಂತೆ ಹೊದ್ದು, ಇಲ್ಲದ ಕನ್ನಡಕವನ್ನು ಮೂಗಿಗೇರಿಸಿ, ಇಲ್ಲದ ಎಲೆಯ ಸುತ್ತ ನೀರು ಬಿಟ್ಟು, ಮಂತ್ರದ ನಡುವೆಯೇ ತುಪ್ಪ ಬಂತೇ ಎಂದು ಅಡುಗೆಮನೆಯ ಕಡೆ ಓರೆಗಣ್ಣು ಹಾಯಿಸಿದಳು. ಬಾಗಿಲಲ್ಲಿ ನಿಂತಿದ್ದ ನನ್ನ ಹೆಂಡತಿ, "ಥೇಟ್ ನೀವ," ಎಂದು ಬಾಯಿಗೆ ಸೆರಗು ಒತ್ತಿಕೊಂಡಳು. ಅಜ್ಜ ಗುಡ್ಡದವರನ್ನು ಒಂದು ದಿನವೂ ನೋಡದೆ ನಟಿಸಿದ್ದರು. ಈಕೆ ನನ್ನನ್ನು ಮೂವತ್ತು ವರ್ಷ ನೋಡಿ ನಟಿಸಿದಳು.

ಹೊರಟಾಗ ಅವಲಕ್ಕಿಯನ್ನು ಡಬ್ಬಿಸಮೇತ ಕೊಟ್ಟೆ. ಮುಂದಿನ ವಾರ ಅದು ಬೆಣ್ಣೆ ತುಂಬಿಕೊಂಡು ಬಂತು. ಒಂದು ಕಾಲಕ್ಕೆ ಗುಡ್ಡದ ಸುಳ್ಳನ್ನು ಹೊತ್ತಿದ್ದ ಆ ತಗಡಿನೊಳಗೆ, ಮೊದಲ ಸಲ, ಗುಡ್ಡದಿಂದಲೇ ಬಂದದ್ದೊಂದು ಇತ್ತು.