ನಾಲ್ಕು ಏಟಿನ ಮೌನ

ನಮ್ಮ ಡ್ರಮ್ ಮಾವನ ಬಾಯಲ್ಲಿ ಒಂದು ಮಾತೂ ನಿಲ್ಲುವುದಿಲ್ಲ. ಅಮ್ಮನ ಅಣ್ಣ ಅಂತ ಸಹಿಸಿಕೊಂಡಿದ್ದೇವೆ, ಇಲ್ಲದಿದ್ದರೆ ಎಂದೋ ಮನೆ ಬದಲಾಯಿಸುತ್ತಿದ್ದೆವು. ಸೈನ್ಯದ ಬ್ಯಾಂಡಿನಲ್ಲಿ ಇಪ್ಪತ್ತೆಂಟು ವರ್ಷ ದೊಡ್ಡ ಡ್ರಮ್ ಬಾರಿಸಿ ನಿವೃತ್ತನಾದವನು. ಎಡಗಿವಿ ಪೂರ್ತಿ ಹೋಗಿದೆ. ಹಾಗಾಗಿ ಗುಟ್ಟನ್ನೂ ಕೂಗಿಯೇ ಹೇಳುತ್ತಾನೆ.

ಗುಟ್ಟು ಅಂದರೆ, ಸೈನ್ಯ ಹೆಜ್ಜೆ ಹಾಕುವ ಆ ಪ್ರಸಿದ್ಧ ರಾಗದ್ದು. ನಡುವೆ ನಾಲ್ಕು ಏಟಿನಷ್ಟು ಹೊತ್ತು ವಾದ್ಯಗಳೆಲ್ಲ ಸುಮ್ಮನಾಗುತ್ತವಲ್ಲ, ಆ ಜಾಗದ್ದು. ಸರ್ಕಾರ ಉರುಳಿಸಿ ಕುರ್ಚಿ ಹಿಡಿದ ಸೇನಾಪತಿ, ತಾನು ವೇದಿಕೆ ಹತ್ತುವಾಗ ನುಡಿಸಲೆಂದೇ ಮಾಡಿಸಿದ ರಾಗ ಅದು. ಮೂರನೇ ಮೆಟ್ಟಿಲಿಗೆ ಅವನ ಮಂಡಿ ಹಿಡಿದುಕೊಳ್ಳುತ್ತಿತ್ತು. "ಅವರೊಬ್ಬರೇ ನಿಂತರೆ ಮಾನ ಹೋಗುತ್ತೆ, ನಾವೂ ನಿಂತರೆ ಗಾಂಭೀರ್ಯ" ಎಂದ ಬ್ಯಾಂಡ್ ಮಾಸ್ಟರು ಅಲ್ಲಿ ಎಲ್ಲರನ್ನೂ ನಿಲ್ಲಿಸಿದರು. ಮಂಡಿಯ ಮೇಲೆ ಕಣ್ಣಿಟ್ಟು, ಅದು ಸಡಿಲವಾದ ಕೂಡಲೇ ಮತ್ತೆ ಡ್ರಮ್ ಹೊಡೆಯುವುದು ಮಾವನ ಕೆಲಸ.

ಆಮೇಲೆ ಜನ ದಂಗೆಯೆದ್ದು ಸೇನಾಪತಿಯನ್ನು ಓಡಿಸಿದರು. ಸತ್ತವರು ಬಹಳ. ಅವನ ಪಟ ಕಿತ್ತುಹಾಕಲು ಹೊಸ ಸರ್ಕಾರಕ್ಕೆ ಒಂದೇ ದಿನ ಸಾಕಾಯಿತು. ಆದರೆ ಬ್ಯಾಂಡಿಗೆ ಬೇರೆ ರಾಗ ಬರಬೇಕಲ್ಲ. ಅದೇ ರಾಗ ಉಳಿಯಿತು. ನಡುವಿನ ಮೌನ ಹುತಾತ್ಮರಿಗೆ ಗೌರವ ಎಂದು ಪಠ್ಯಪುಸ್ತಕದಲ್ಲೂ ಅಚ್ಚಾಯಿತು. "ಮಂಡಿನೋವಿಗೆ ತಲೆ ತಗ್ಗಿಸ್ತಾರೆ ಕಣೋ" ಎಂದು ಮಾವ ಬಿದ್ದು ಬಿದ್ದು ನಗುತ್ತಿದ್ದ. ಬೀದಿಯಲ್ಲಿ ಯಾರೂ ನಂಬಲಿಲ್ಲ. ಅದೇ ಅವನಿಗೆ ಕೊರಗು.

ಹೋದ ತಿಂಗಳು ರೇಡಿಯೋದವರು ಕರೆದರು. "ಸಾಯೋದರೊಳಗೆ ಒಂದು ಸಲ ಜನ ನನ್ನ ಮಾತು ನಂಬಿದರೆ ಸಾಕು" ಎನ್ನುತ್ತ ಎರಡೆರಡು ಸಲ ಗಡ್ಡ ಬೋಳಿಸಿಕೊಂಡ. ಎಡಗಿವಿಗೆ ಬದಲಾಗಿ ನಾನು ಜೊತೆಗೆ ಹೋದೆ.

ಅದೇ ಕಾರ್ಯಕ್ರಮಕ್ಕೆ, ದಂಗೆಯಲ್ಲಿ ಮಗನನ್ನು ಕಳೆದುಕೊಂಡ ಒಬ್ಬ ದರ್ಜಿ ಅಜ್ಜಿಯೂ ಬಂದಿದ್ದರು. ಹೊರಗಿನ ಬೆಂಚಿನ ಮೇಲೆ ಮಾವ ಎಂದಿನಂತೆ ಶುರುಮಾಡಿದ. "ಆ ಮೌನದ ಕಥೆ ಗೊತ್ತಾ ನಿಮಗೆ?"

"ಗೊತ್ತಿಲ್ದೆ ಏನಪ್ಪಾ. ಮಗನ ಹೆಣಾನೂ ಸಿಗಲಿಲ್ಲ ನನಗೆ. ದಿನಾ ಬೆಳಿಗ್ಗೆ ವಾರ್ತೆಗೆ ಮುಂಚೆ ಆ ರಾಗ ಬರುತ್ತಲ್ಲ, ಆ ಜಾಗಕ್ಕೆ ಹೊಲಿಗೆ ಮಷಿನ್ ನಿಲ್ಲಿಸ್ತೀನಿ. ಇಡೀ ದೇಶ ಅವನಿಗೋಸ್ಕರ ಸುಮ್ಮನಾಗುತ್ತೆ. ಅಷ್ಟು ಸಾಕು ನನಗೆ."

ಮಾವ ಬಾಯಿ ತೆರೆದ. ಮುಚ್ಚಿದ. ನನ್ನ ಜನ್ಮದಲ್ಲೇ ಅದನ್ನು ಕಂಡಿರಲಿಲ್ಲ.

ಒಳಗೆ ಮೈಕಿನವರು ಕೇಳಿದ್ದೂ ಅದನ್ನೇ: ಆ ಮೌನ ಯಾಕೆ? ಅಜ್ಜಿ ಎದುರಿಗೇ ಕೂತಿದ್ದರು.

"ಸತ್ತ ಮಕ್ಕಳಿಗೆ" ಎಂದ ಮಾವ. "ಡ್ರಮ್ ಹೊಡೀತಿದ್ದವನು ನಾನೇ ಅಲ್ವಾ, ನನಗೆ ಗೊತ್ತು."

ಮರುದಿನ ಕ್ಷೌರದಂಗಡಿಗೆ ಹೋದಾಗ, ರೇಡಿಯೋ ಕೇಳಿದ್ದ ಕ್ಷೌರಿಕ ಕತ್ತರಿ ಕೆಳಗಿಟ್ಟ. "ಯಜಮಾನ್ರೇ, ಇವರೆಲ್ಲ ನಗ್ತಿದ್ರು. ನಾನೊಬ್ಬ ಮಾತ್ರ ನಿಮ್ಮ ಮಂಡಿ ಕಥೆ ನಿಜ ಅಂತಾನೇ ನಂಬಿದ್ದೆ. ಬುರುಡೆನಾ ಅದು?"

ನನಗೆ ಅಳು ಬಂತು. ನಿಜ ಹೇಳಿಬಿಡೋಣ ಎಂದು ಎದ್ದೆ. ಮಾವ ನನ್ನ ಕೈ ಹಿಡಿದು ಕೂರಿಸಿದ.

"ಹೂಂ ಕಣಯ್ಯಾ, ಬುರುಡೆ" ಎಂದ.