ಮಲ್ಲಿಗೆ ಮುಡಿಯದ ಮನೆ

ನಮ್ಮ ಮನೆ ಮಾಲೀಕರು ಯಾವ ವಸ್ತುವನ್ನು ಕೈಗೆತ್ತಿಕೊಂಡರೂ ಅದು ಕಣ್ಣಿಗಿಂತ ಮೊದಲು ಮೂಗಿನ ಬಳಿ ಹೋಗುತ್ತಿತ್ತು. ಉದ್ದನೆಯ ಮೂಗು, ತುದಿಯಲ್ಲಿ ತುಸು ಕೆಂಪು. ಚಾಮರಾಜಪೇಟೆಯ ಆ ಮನೆಯಲ್ಲಿ ಕೆಳಗೆ ಬಾಡಿಗೆಗೆ ನಾವು, ಮೇಲೆ ಅವರು ಮತ್ತು ಅವರ ಹೆಂಡತಿ. ಸಿಗರೇಟು ಕಾರ್ಖಾನೆಯೊಂದರಲ್ಲಿ ತಂಬಾಕಿನ ಎಲೆ ಆರಿಸಿ, ಬೆರೆಸಿ, ರುಚಿ ಹದ ಮಾಡುವ ತಜ್ಞರಾಗಿ ನಿವೃತ್ತರಾದವರು.

ಆ ಮೂಗಿಗಾಗಿ ಇಡೀ ಮನೆ ವ್ರತ ಹಿಡಿದಂತಿತ್ತು. ದೇವರ ಮುಂದೆ ಊದುಬತ್ತಿ ಹಚ್ಚುವಂತಿಲ್ಲ, ಘಮಘಮಿಸುವ ಸೋಪು ತರುವಂತಿಲ್ಲ. ಗಾಂಧಿ ಬಜಾರಿನ ಹೂವಿನ ಅಂಗಡಿಗಳು ಅಷ್ಟು ಹತ್ತಿರವಿದ್ದರೂ ಅವರ ಹೆಂಡತಿಗೆ ವಾಸನೆಯಿಲ್ಲದ ಕನಕಾಂಬರವೇ ಗತಿ. ನಿವೃತ್ತಿಯಾದ ಮೇಲಾದರೂ ಮಲ್ಲಿಗೆ ಮುಡಿಯಬಾರದೇ ಎಂದರೆ, "ಅಭ್ಯಾಸ ಆಗ್ಹೋಗಿದೆ ಕಣ್ರೀ" ಎಂದು ಆಕೆ ನಗುತ್ತಿದ್ದರು.

ನನ್ನ ತಂಗಿಯ ಮಗಳು ತಂಬಾಕಿನ ಬಗ್ಗೆ ಸಾಕ್ಷ್ಯಚಿತ್ರ ತೆಗೆಯಲು ಹೊರಟಾಗ ಇವರನ್ನು ತೋರಿಸಿಕೊಟ್ಟವನು ನಾನೇ. ಇವರು ಕಣ್ಣಿಗೆ ಬಟ್ಟೆ ಕಟ್ಟಿಕೊಂಡು, ಎಲೆ ಮೂಸಿ, ಅದು ಯಾವ ಸೀಮೆಯದೆಂದು ಹೇಳುವುದರಿಂದಲೇ ಚಿತ್ರ ಶುರುವಾಗಬೇಕೆಂದು ಅವಳ ಆಸೆ. "ಅದಕ್ಕೇನಮ್ಮ, ಹೇಳಿದ್ರಾಯ್ತು" ಎಂದುಬಿಟ್ಟರು.

ಆ ವಾರವೇ ಒಂದು ಬೆಳಿಗ್ಗೆ ಗ್ಯಾಸ್ ವಾಸನೆ ಕೆಳಗಿನವರೆಗೂ ಬಂತು. ಓಡಿಹೋಗಿ ನೋಡಿದರೆ ಇವರು ಅಡುಗೆಮನೆಯ ಬಾಗಿಲಲ್ಲೇ ಕೂತು ಪೇಪರ್ ಓದುತ್ತಿದ್ದಾರೆ! ಹೆಂಡತಿ ತರಕಾರಿ ತರಲು ಹೋಗಿದ್ದರು. ನಾನು ಸಿಲಿಂಡರ್ ಬಂದ್ ಮಾಡಿ ಕಿಟಕಿಗಳನ್ನು ತೆರೆದೆ. ಅವರ ಮುಖ ಬಿಳಿಚಿಕೊಂಡಿತ್ತು.

"ನನಗೆ ವಾಸನೆ ಹೋಗಿ ಬಹಳ ದಿನ ಆಯ್ತು. ಅವಳಿಗೂ ಹೇಳಿಲ್ಲ. ನೀವೂ ಹೇಳ್ಬೇಡಿ."

"ಹಾಗಾದ್ರೆ ಶೂಟಿಂಗ್ ಬೇಡ ಬಿಡಿ ಸಾರ್."

"ಬೇಕು. ಹೇಳೋದು ತುಂಬಾ ಇದೆ. ಆದ್ರೆ ಎಲೆನೇ ತಪ್ಪು ಹೇಳಿದ್ರೆ ಉಳಿದಿದ್ದನ್ನ ಯಾರು ನಂಬ್ತಾರೆ?"

ಸರಿಯಾದ ಸೀಮೆಯ ಹೆಸರು ಬಂದಾಗ ಕೆಮ್ಮಿ ಸನ್ನೆ ಮಾಡುತ್ತೇನೆ ಎಂದು ಹೇಳಿ ನೋಡಿದೆ. ನಕ್ಕರೇ ಹೊರತು ಒಪ್ಪಲಿಲ್ಲ.

ಶೂಟಿಂಗ್ ದಿನ ಅವರು ಕಣ್ಣಿಗೆ ಬಟ್ಟೆ ಕಟ್ಟಿಕೊಂಡರು. ಎಲೆಯನ್ನು ಬೆರಳುಗಳಲ್ಲಿ ಉಜ್ಜಿ ಮೂಗಿಗೆ ಹಿಡಿದರು. ಹಿಡಿದೇ ಇದ್ದರು. ಬಾಗಿಲ ಬಳಿ ಅವರ ಹೆಂಡತಿ ಹೆಮ್ಮೆಯಿಂದ ನಿಂತಿದ್ದರು. ಕೊನೆಗೆ ತಾವೇ ಬಟ್ಟೆ ಬಿಚ್ಚಿದರು.

"ಗೊತ್ತಾಗ್ತಿಲ್ಲಮ್ಮ. ನನಗೀಗ ವಾಸನೆನೇ ಬರಲ್ಲ."

ನಮ್ಮ ಹುಡುಗಿ ಕ್ಯಾಮೆರಾ ನಿಲ್ಲಿಸಲು ಹೋದಳು.

"ನಿಲ್ಲಿಸ್ಬೇಡ. ಈ ಮೂಗು ಚೆನ್ನಾಗಿದ್ದಾಗ ಏನ್ ಮಾಡ್ತು ಅಂತ ಹೇಳ್ತೀನಿ, ತೆಗಿ. ಮೊದಲ್ನೇ ದಮ್ಮಿಗೆ ಗಂಟಲು ಸುಟ್ರೆ ಹೊಸಬರು ಬಿಸಾಕ್ಬಿಡ್ತಾರೆ. ಅದು ಸುಡಬಾರದು ಅಂತ ಎಲೆ ಆರಿಸಿ, ಸಿಹಿ ಸೇರಿಸಿ ಹದ ಮಾಡ್ತಿದ್ದೋನು ನಾನು. ಆ ಕೆಲಸದಲ್ಲಿ ಒಂದ್ಸಲನೂ ತಪ್ಪಲಿಲ್ಲ."

ನನ್ನ ಜೇಬಿನಲ್ಲಿ ಸಿಗರೇಟು ಪ್ಯಾಕ್ ಇತ್ತು. ಆಮೇಲೆ ನಾನು ಸೇದಿಲ್ಲ. ಅದು ಅವರ ಋಣ.

ಆ ಸಂಜೆ ಅವರೇ ಹೋಗಿ ಮಲ್ಲಿಗೆ ತಂದರು. ಆಕೆ ಮುಡಿದುಕೊಂಡರು, ಆದರೆ ಅವರಿಂದ ದೂರ, ಕಿಟಕಿಯ ಪಕ್ಕ ಹೋಗಿ ಕೂತರು.

ಚಿತ್ರ ಪೂರ್ತಿಯಾಗುವ ಮೊದಲೇ ಅವರು ತೀರಿಕೊಂಡರು. ನಡುಮನೆಯಲ್ಲಿ ಮಲಗಿಸಿದ್ದರು. ನೆಂಟರೊಬ್ಬರು ತಲೆಯ ಬಳಿ ಊದುಬತ್ತಿ ಹಚ್ಚಿಟ್ಟರು. ಅಳುತ್ತ ಕೂತಿದ್ದ ಆಕೆ ದಡಬಡಿಸಿ ಎದ್ದು ಬಂದು, ಉರಿಯುತ್ತಿದ್ದ ತುದಿಯನ್ನು ಬರಿಗೈಯಲ್ಲೇ ಹೊಸಕಿ ಆರಿಸಿದರು.

"ಯಾರ್ರೀ ಇದನ್ನ ಹಚ್ಚಿದ್ದು? ಅವರಿಗೆ ಆಗಲ್ಲ."