ಪಿಟೀಲು ಹಾಸ್ಟೆಲ್ಲಿಗೆ ಹೋದಳು

ಧಾರಾವಾಹಿಗೆಂದು ಅವಳನ್ನು ಯಾರೂ ಹುಡುಕಿಕೊಂಡು ಬಂದಿರಲಿಲ್ಲ. ಚಿಕ್ಕಮ್ಮ ಸ್ಟುಡಿಯೋದಲ್ಲಿ ನಟನಟಿಯರ ಬಟ್ಟೆ ಹೊಲಿಯುತ್ತಿದ್ದಳು. ಅಮ್ಮ ಕೆಲಸಕ್ಕೆ ಹೋದ ದಿನಗಳಲ್ಲಿ ಐದು ವರ್ಷದ ಹುಡುಗಿ ಚಿಕ್ಕಮ್ಮನ ಹೊಲಿಗೆ ಯಂತ್ರದ ಪಕ್ಕದಲ್ಲೇ ಇರುತ್ತಿದ್ದಳು. ಒಂದು ದಿನ ಕಿರಿಮಗಳ ಪಾತ್ರಕ್ಕೆ ಬಂದಿದ್ದ ಮಗು ಜಪ್ಪಯ್ಯ ಅಂದರೂ ಬಾಯಿ ಬಿಡಲಿಲ್ಲ. ಆ ಮಗುವಿಗೆ ಹೇಳಿಕೊಡುತ್ತಿದ್ದ ಮಾತನ್ನು ಬೆಳಗಿನಿಂದ ಕೇಳಿ ಕೇಳಿ ಬಾಯಿಪಾಠ ಮಾಡಿಕೊಂಡಿದ್ದ ಇವಳು ಬಾಗಿಲಲ್ಲಿ ನಿಂತೇ, “ಅಪ್ಪಾ, ನೀನು ಸುಳ್ಳು ಹೇಳ್ತಿದ್ದೀಯ. ನಿನ್ನ ಕಿವಿ ಕೆಂಪಾಗಿದೆ” ಎಂದು ಒಪ್ಪಿಸಿಬಿಟ್ಟಳು. ಮಧ್ಯಾಹ್ನದ ಹೊತ್ತಿಗೆ ಆ ಮಗುವಿನ ಫ್ರಾಕು ಇವಳ ಮೈಮೇಲಿತ್ತು.

ಪಾತ್ರದ ಹೆಸರು ಪಿಟೀಲು. ಸದಾ ಕುಯ್ಯುತ್ತಾಳೆಂದು ಧಾರಾವಾಹಿಯ ಮನೆಯವರು ಇಟ್ಟ ಅಡ್ಡಹೆಸರು. ಬರಬರುತ್ತ ಸ್ವಂತ ಅಮ್ಮನೂ ಹಾಗೇ ಕರೆಯತೊಡಗಿದಳು.

ಓದಲು ಬಾರದ ಕಾಲದಲ್ಲಿ ಅವಳಿಗೆ ಮಾತು ಕಲಿಸಿದವರು ಅಜ್ಜನ ಪಾತ್ರದ ಹಿರಿಯ ನಟರು. “ಬಾಯಿಪಾಠ ಬೇಡ ಮಗಳೇ. ಎದುರಿಗಿರೋರು ಏನಂದ್ರು ಅಂತ ಪೂರ್ತಿ ಕೇಳು” ಎನ್ನುತ್ತಿದ್ದರು. ಶಾಲೆ ವಾರಕ್ಕೆ ಮೂರೇ ದಿನ. ಸೆಟ್ಟಿನ ಮನೆಗೆ ಮೂರೇ ಗೋಡೆ, ನಾಲ್ಕನೆಯ ಕಡೆ ಕ್ಯಾಮೆರಾ. ಅದೇ ಅಭ್ಯಾಸದಿಂದ ಮನೆಯಲ್ಲೂ ಅವಳು ಒಂದೇ ಕಡೆಗೆ ಮುಖ ಮಾಡಿ ಊಟಕ್ಕೆ ಕೂರುವುದನ್ನು ಕಂಡು ಅಣ್ಣ, “ಲೇ, ಇಲ್ಲಿ ಯಾರೂ ನಿನ್ನ ತೋರಿಸ್ತಾ ಇಲ್ಲ, ನೆಟ್ಟಗೆ ಕೂತ್ಕೊ” ಎಂದು ನಗುತ್ತಿದ್ದ.

ಹನ್ನೆರಡು ತುಂಬಿದಾಗ ಬಳ್ಳಿ ಬೆಳೆದಂತೆ ಬೆಳೆದಳು. ಚಿಕ್ಕಮ್ಮ ಲಂಗದ ಅಂಚನ್ನು ಎರಡು ಸಲ ಬಿಚ್ಚಿ ಇಳಿಸಿದಳು. ಮೂರನೆಯ ಸಲಕ್ಕೆ ಬಟ್ಟೆಯೇ ಉಳಿದಿರಲಿಲ್ಲ.

“ಕಥೇಲಿ ಪಿಟೀಲನ್ನ ಹಾಸ್ಟೆಲ್ಲಿಗೆ ಕಳಿಸ್ತೀವಿ,” ಎಂದ ನಿರ್ದೇಶಕ.

“ವಾಪಸ್ ಯಾವಾಗ ಬರ್ತಾಳೆ?” ಅಮ್ಮ ಕೇಳಿದಳು.

“ಬರ್ತಾಳೆ. ದೊಡ್ಡವಳಾಗಿ.”

ಬರುವವಳು ಬೇರೆಯವಳೆಂದು ಅಮ್ಮನಿಗೆ ತಡವಾಗಿ ಹೊಳೆಯಿತು. ಮಗಳಿಗೆ ಆಗಲೇ ಹೊಳೆದಿತ್ತು. ಆಮೇಲೆ ಶಾಲೆಗೆ ಸರಿಯಾಗಿ ಹೋದಳು. ಅಲ್ಲಿ ಎಲ್ಲರೂ ಅವಳಿಂದ ಕೆಂಪು ಕಿವಿಯ ಮಾತನ್ನೇ ಹೇಳಿಸುತ್ತಿದ್ದರು.

ಮೂರು ವರ್ಷದ ನಂತರ ಧಾರಾವಾಹಿಗೆ ಹೊಸ ಪಿಟೀಲು ಬಂದಳು. ಮುಖ ಚೆಂದ, ಮಾತು ಮಾತ್ರ ಸಪ್ಪೆ. ನೋಡುಗರು ಗೊಣಗಿದರು. ದನಿ ಕೊಡಲು ಹಳೆಯವಳಿಗೇ ಕರೆ ಬಂತು.

“ಹೋಗ್ಬೇಡ. ಕರಿಬೇವಿನ ಸೊಪ್ಪಿನ ಹಾಗೆ ತೆಗೆದಿಟ್ಟೋರು ಅವ್ರು,” ಎಂದಳು ಅಮ್ಮ.

ಅವಳು ಹೋದಳು. ಬೆಂಕಿಪೊಟ್ಟಣದಂಥ ಕೋಣೆಯಲ್ಲಿ ಹೆಡ್‌ಫೋನು ಹಾಕಿಕೊಂಡು, ಇನ್ನೊಬ್ಬಳ ತುಟಿ ನೋಡುತ್ತ ಮಾತಾಡಿದಳು. ಹೊರಗೆ ಬೆಂಚಿನ ಮೇಲೆ ಆ ನಟಿ ಮುಖ ಸಣ್ಣಗೆ ಮಾಡಿಕೊಂಡು ಕೂತಿದ್ದಳು.

“ನನ್ನ ದನಿ ಅಷ್ಟು ಕೆಟ್ಟದಾಗಿದ್ಯಾ?”

ಇವಳಿಗೆ ಸಿಟ್ಟಿತ್ತು. ಆದರೂ ಸುಳ್ಳು ಹೇಳಲು ಮನಸ್ಸಾಗಲಿಲ್ಲ. “ದನಿ ಚೆನ್ನಾಗಿದೆ ಅಕ್ಕ. ಎದುರಿನೋರು ಮುಗಿಸೋ ಮೊದ್ಲೇ ಉತ್ತರ ಕೊಡ್ತೀರಿ, ಅಷ್ಟೇ.”

ಅಂದಿನಿಂದ ಅದೇ ಬೆಂಚಿನ ಮೇಲೆ ಇಬ್ಬರೂ ಕೂತು ಅಭ್ಯಾಸ ಮಾಡಿದರು. ಆರು ತಿಂಗಳಲ್ಲಿ ನಟಿ ತನ್ನ ಮಾತು ತಾನೇ ಆಡತೊಡಗಿದಳು. ಇವಳ ಕೆಲಸ ಹೋಯಿತು.

“ನಿನ್ನ ಕಾಲ ಮೇಲೆ ನೀನೇ ಕಲ್ಲು ಹಾಕ್ಕೊಂಡೆ,” ಎಂದಳು ಅಮ್ಮ.

ಇದನ್ನು ಗಮನಿಸಿದ್ದ ನಿರ್ದೇಶಕ, ಅವಳ ಓದು ಮುಗಿದ ಮೇಲೆ ಹೊಸ ಧಾರಾವಾಹಿಯ ಮಕ್ಕಳಿಗೆ ಮಾತು ಕಲಿಸಲು ಕರೆದ. ಈಗ ಅವಳಿಗೆ ಮೂವತ್ತೆರಡು, ಅದೇ ಕೆಲಸ. ಮಗುವನ್ನು ಕರೆತರುವ ತಂದೆತಾಯಿಗೆ ಮೊದಲ ದಿನವೇ ಹೇಳುತ್ತಾಳೆ: “ಶಾಲೆ ಬಿಡಿಸ್ಬೇಡಿ. ಮಗು ಬೆಳೆಯುತ್ತೆ.” ಕೆಲವರು ಕೇಳುತ್ತಾರೆ. ಉಳಿದವರು ತಲೆಯಾಡಿಸಿ, ಫೋಟೋ ತೆಗೆಸೋದು ಯಾವಾಗ ಎನ್ನುತ್ತಾರೆ.